ಮನಸ್ಸೇ ಯಂತ್ರವಾಗಿದ್ದ ಕಾಲ

ಅಮೆರಿಕದ ಲೇಖಕ ಫ್ರಾಂಕ್ ಹರ್ಬರ್ಟ್ 1965ರಲ್ಲಿ ‘ಡ್ಯೂನ್’ ಎಂಬ ಕಾದಂಬರಿಯನ್ನು ಪ್ರಕಟಿಸಿದರು. ಅದರ ಕಲ್ಪನಾಲೋಕದಲ್ಲಿ ಯೋಚಿಸುವ ಯಂತ್ರಗಳಿಗೆ ಪೂರ್ಣ ನಿಷೇಧ. ಕಂಪ್ಯೂಟರ್ ಮಾಡಬೇಕಾದ ಕೆಲಸವನ್ನು ಅಲ್ಲಿ ‘ಮೆಂಟಾಟ್’ ಎಂದು ಕರೆಸಿಕೊಳ್ಳುವ ಮನುಷ್ಯರೇ ಮಾಡುತ್ತಾರೆ. ಬಾಲ್ಯದಿಂದಲೇ ತರಬೇತಾದ ಅವರ ಮಿದುಳು ಲೆಕ್ಕ ಹಾಕುತ್ತದೆ, ಮಾಹಿತಿ ಕೂಡಿಡುತ್ತದೆ, ಮುಂದಾಗುವುದನ್ನು ಅಂದಾಜು ಮಾಡುತ್ತದೆ. ಮನಸ್ಸೇ ಅಲ್ಲಿ ಕಲೆ, ಮನಸ್ಸೇ ತಂತ್ರಜ್ಞಾನ.

ಓದುವವರಿಗೆ ಇದು ಬಹುದೂರದ ಕಲ್ಪನೆ ಎನ್ನಿಸಬಹುದು. ಆದರೆ ಕಾಗದ ಅಪರೂಪವಾಗಿದ್ದು ಯಂತ್ರಗಣಕ ಹುಟ್ಟಿಯೇ ಇರದಿದ್ದ ಕಾಲದಲ್ಲಿ ಅಂಥ ಲೋಕದ ಒಂದು ಭಾಗ ಈ ನೆಲದ ಮೇಲೆ ನಿಜವಾಗಿಯೂ ಇತ್ತು. ಅದರ ಗುರುತುಗಳನ್ನು ಕಾಣಲು ದೂರ ಹೋಗಬೇಕಾಗಿಲ್ಲ. ಕೊಪ್ಪಳ, ಗಂಗಾವತಿ, ಕುಷ್ಟಗಿ, ಯಲಬುರ್ಗಾ ಸೀಮೆಯಲ್ಲಿ ಒಂದು ಸುತ್ತು ಹಾಕಿದರೆ ಸಾಕು.

ತಿರುಳ್ಗನ್ನಡದ ಕೊಪಣ

ಕ್ರಿ.ಶ. 850ರ ಸುಮಾರಿನ ‘ಕವಿರಾಜಮಾರ್ಗ’ ಇಂದು ನಮಗೆ ದೊರೆತಿರುವ ಕನ್ನಡದ ಮೊದಲ ಗ್ರಂಥ. ರಾಷ್ಟ್ರಕೂಟ ದೊರೆ ಅಮೋಘವರ್ಷ ನೃಪತುಂಗನ ಆಸ್ಥಾನದಲ್ಲಿ ಅದು ಹುಟ್ಟಿತು. ತಿರುಳ್ಗನ್ನಡದ ನಾಡು ಯಾವುದೆಂದು ಹೇಳುವಾಗ ಆ ಗ್ರಂಥ ನಾಲ್ಕು ಊರುಗಳನ್ನು ಹೆಸರಿಸುತ್ತದೆ: ಕಿಸುವೊಳಲು, ಕೊಪಣ, ಪುಲಿಗೆರೆ, ಒಕ್ಕುಂದ. ಈ ಕೊಪಣವೇ ಇಂದಿನ ಕೊಪ್ಪಳ. ಈ ನಾಡಿನ ಜನ ಕ್ರಮವಾಗಿ ಓದದಿದ್ದರೂ ಕಾವ್ಯ ಕಟ್ಟುವುದರಲ್ಲಿ ನಿಪುಣರು ಎಂಬ ಮೆಚ್ಚುಗೆಯ ಮಾತೂ ಅಲ್ಲಿದೆ. ಹೊಗಳಿಕೆಯಲ್ಲಿ ಅಭಿಮಾನದ ಪಾಲು ಎಷ್ಟೇ ಇರಲಿ, ಒಂದು ಸಂಗತಿ ಸ್ಪಷ್ಟ. ಬರೆಹಕ್ಕಿಂತ ಬಾಯಿ, ಕಿವಿ, ನೆನಪುಗಳ ಮೇಲೆಯೇ ಜನರ ವಿದ್ಯೆ ಹೆಚ್ಚಾಗಿ ನಿಂತಿತ್ತು.

ಅದೇ ನೃಪತುಂಗನನ್ನು ಸ್ತುತಿಸುತ್ತ ಜೈನ ಗಣಿತಜ್ಞ ಮಹಾವೀರಾಚಾರ್ಯ ‘ಗಣಿತಸಾರಸಂಗ್ರಹ’ವನ್ನು ಸಂಸ್ಕೃತದಲ್ಲಿ ರಚಿಸಿದನು. ಭಿನ್ನರಾಶಿ, ತ್ರೈರಾಶಿ, ಬಡ್ಡಿ, ಕ್ಷೇತ್ರಫಲ ಎಲ್ಲವೂ ಅಲ್ಲಿ ಪದ್ಯರೂಪದಲ್ಲಿವೆ. ಆರು ರಸಗಳನ್ನು, ಅಂದರೆ ಆರು ರುಚಿಗಳನ್ನು, ಎಷ್ಟು ಬಗೆಯಲ್ಲಿ ಬೆರೆಸಬಹುದು ಎಂಬ ಲೆಕ್ಕವೂ ಇದೆ. ಒಂದೊಂದಾಗಿ 6, ಎರಡೆರಡಾಗಿ 15, ಮೂರು ಮೂರಾಗಿ 20, ನಾಲ್ಕು ನಾಲ್ಕಾಗಿ 15, ಐದೈದಾಗಿ 6, ಎಲ್ಲ ಸೇರಿ 1, ಒಟ್ಟು 63. ಪ್ರೌಢಶಾಲೆ ದಾಟಿದ ವಿದ್ಯಾರ್ಥಿಗಳು ‘ವಿಕಲ್ಪ’ ಎಂಬ ಹೆಸರಿನಲ್ಲಿ ಕಲಿಯುವ ಪಾಠವೇ ಇದು. ಹಾರದ ಮಣಿಗಳಂತೆ ಎರಡೂ ಕಡೆಯಿಂದ ಒಂದೇ ಆಗಿ ಓದಿಸಿಕೊಳ್ಳುವ ಗುಣಲಬ್ಧಗಳನ್ನೂ ಅವನು ಕೊಟ್ಟಿದ್ದಾನೆ. 142857143ನ್ನು 7ರಿಂದ ಗುಣಿಸಿ ನೋಡಿ, 1000000001 ಬರುತ್ತದೆ. ಮುಂದೆ 12ನೇ ಶತಮಾನದಲ್ಲಿ ರಾಜಾದಿತ್ಯ ‘ವ್ಯವಹಾರಗಣಿತ’ ಮೊದಲಾದ ಗ್ರಂಥಗಳ ಮೂಲಕ ಈ ವಿದ್ಯೆಯನ್ನು ಕನ್ನಡಕ್ಕೆ ತಂದನು.

ಕಲ್ಲುಗಳ ಸಾಕ್ಷಿ

ಗಂಗಾವತಿ ಬಳಿಯ ಹಿರೇಬೆಣಕಲ್ಲಿನ ಗುಡ್ಡದ ಮೇಲೆ ಸುಮಾರು 400 ಬೃಹತ್ ಶಿಲಾ ರಚನೆಗಳಿವೆ. ನಾಲ್ಕು ಕಡೆ ಚಪ್ಪಡಿ ನಿಲ್ಲಿಸಿ, ಮೇಲೊಂದು ಚಪ್ಪಡಿ ಹೊದಿಸಿ, ಮುಂದಿನ ಗೋಡೆಯಲ್ಲಿ ದುಂಡನೆಯ ಕಿಂಡಿ ಕೊರೆದ ಕಲ್ಲಿನ ಕೋಣೆಗಳವು. ಎರಡು ಸಾವಿರ ವರ್ಷಗಳಿಗೂ ಹಿಂದಿನ ಇವುಗಳನ್ನು ಕಟ್ಟಿದವರಿಗೆ ಲಿಪಿ ಇದ್ದುದಕ್ಕೆ ಕುರುಹಿಲ್ಲ. ಬಂಡೆಯನ್ನು ಎಲ್ಲಿ ಸೀಳಬೇಕು, ಎಷ್ಟು ಜನ ಎಳೆಯಬೇಕು, ಯಾವ ಚಪ್ಪಡಿ ಮೊದಲು ನಿಲ್ಲಬೇಕು ಎಂಬ ಯೋಜನೆಯೆಲ್ಲ ತಲೆಯಿಂದ ತಲೆಗೆ, ಮಾತಿನಿಂದ ಮಾತಿಗೆ ದಾಟಿರಬೇಕು. 2021ರಲ್ಲಿ ಈ ತಾಣ ಯುನೆಸ್ಕೊ ವಿಶ್ವ ಪರಂಪರೆಯ ತಾತ್ಕಾಲಿಕ ಪಟ್ಟಿಗೆ ಸೇರಿತು.

ಹಿಂದೆ ಯಲಬುರ್ಗಾ ತಾಲ್ಲೂಕಿನಲ್ಲಿದ್ದು ಈಗ ಕುಕನೂರು ತಾಲ್ಲೂಕಿಗೆ ಸೇರಿದ ಇಟಗಿಯ ಮಹಾದೇವ ದೇವಾಲಯದ್ದು ಇನ್ನೊಂದು ಬಗೆ. ಕಲ್ಯಾಣ ಚಾಲುಕ್ಯರ ಆರನೆಯ ವಿಕ್ರಮಾದಿತ್ಯನ ದಂಡನಾಯಕ ಮಹಾದೇವ 1112ರಲ್ಲಿ ಇದನ್ನು ಕಟ್ಟಿಸಿದನು. ಶಾಸನ ಇದನ್ನು ‘ದೇವಾಲಯ ಚಕ್ರವರ್ತಿ’ ಎನ್ನುತ್ತದೆ. ಚರಕಿ ಹಿಡಿದಂತೆ ನುಣುಪಾದ ಕಂಬಗಳು, ಒಂದರ ಮೇಲೊಂದು ಅದೇ ಪ್ರಮಾಣದಲ್ಲಿ ಕಿರಿದಾಗುತ್ತ ಹೋಗುವ ಶಿಖರದ ಅಂತಸ್ತುಗಳು, ಎಳೆಯೂ ತಪ್ಪದ ಸಮಮಿತಿ. ಶಿಲ್ಪಿಗಳ ಬಳಿ ಅಳತೆಯ ಕೋಲು, ದಾರ, ತೂಗುಗುಂಡು ಇದ್ದವು. ಅವುಗಳ ಜೊತೆಗೆ ಇದ್ದ ದೊಡ್ಡ ಸಾಧನ, ಪ್ರಮಾಣಗಳನ್ನು ಬಾಯಿಪಾಠವಾಗಿ ಹೊತ್ತ ಅವರ ಮನಸ್ಸು.

ಪುಟ್ಟ ಹಗೇವು, ದೊಡ್ಡ ಬೆಳೆ

ಮನುಷ್ಯನ ತತ್ಕ್ಷಣದ ನೆನಪು ಬಹಳ ಚಿಕ್ಕದು. ಅಮೆರಿಕದ ಮನೋವಿಜ್ಞಾನಿ ಜಾರ್ಜ್ ಮಿಲ್ಲರ್ 1956ರಲ್ಲಿ ತೋರಿಸಿದಂತೆ ಒಮ್ಮೆಗೆ ಏಳು ಸಂಗತಿಗಳು, ಹೆಚ್ಚೆಂದರೆ ಒಂಬತ್ತು. ಈಚಿನ ಸಂಶೋಧಕರಂತೂ ಅದನ್ನು ನಾಲ್ಕರ ಆಸುಪಾಸಿಗೆ ಇಳಿಸಿದ್ದಾರೆ. ಹಾಗಾದರೆ ಇಷ್ಟು ಪುಟ್ಟ ಹಗೇವಿನಲ್ಲಿ ಹಿಂದಿನವರು ಅಷ್ಟೊಂದು ಬೆಳೆಯನ್ನು ತುಂಬಿದ್ದು ಹೇಗೆ?

ಉತ್ತರ: ಅವರು ಮನಸ್ಸಿಗೇ ಉಪಕರಣಗಳನ್ನು ಮಾಡಿಕೊಟ್ಟರು. ಅಂಥ ಒಂದು ಉಪಕರಣ ಪ್ರೌಢಶಾಲೆಯ ಪ್ರತಿಯೊಬ್ಬ ವಿದ್ಯಾರ್ಥಿಗೂ ಗೊತ್ತು. ಛಂದಸ್ಸಿನ ಪಾಠದಲ್ಲಿ ಬರುವ ‘ಯಮಾತಾರಾಜಭಾನಸಲಗಂ’ ಎಂಬ ಸೂತ್ರವದು. ಲಘು ಗುರುಗಳನ್ನು ಮೂರು ಮೂರಾಗಿ ಜೋಡಿಸಿದರೆ ಎಂಟು ಗಣಗಳು ಬರುತ್ತವೆ. ಬಿಡಿಬಿಡಿಯಾಗಿ ಬರೆದರೆ 24 ಅಕ್ಷರ ಬೇಕು. ಈ ಸೂತ್ರದಲ್ಲಿ ಇರುವುದು ಹತ್ತೇ ಅಕ್ಷರ. ‘ಯಮಾತಾ’ ಓದಿದರೆ ಯಗಣ, ಒಂದಕ್ಷರ ಮುಂದೆ ಸರಿದು ‘ಮಾತಾರಾ’ ಓದಿದರೆ ಮಗಣ. ಹೀಗೆ ಒಂದೊಂದೇ ಅಕ್ಷರ ಜಾರುತ್ತ ಹೋದರೆ ಎಂಟೂ ಗಣಗಳು ಒಂದೊಂದು ಬಾರಿ ಮಾತ್ರ ಬಂದುಹೋಗುತ್ತವೆ. ಲಘುವನ್ನು 0 ಎಂದೂ ಗುರುವನ್ನು 1 ಎಂದೂ ಬರೆದರೆ 0111010001 ಎಂದಾಗುತ್ತದೆ. ಇಂಥ ಅಂಕಿಮಾಲೆಗಳನ್ನು ಡಚ್ ಗಣಿತಜ್ಞ ಡಿ ಬ್ರೂಯಿನ್ 1946ರಲ್ಲಿ ವಿವರವಾಗಿ ವಿವೇಚಿಸಿದರು. ಇಂದು ಸಂಕೇತ ವಿಜ್ಞಾನದಲ್ಲಿ ಅವು ಅವರ ಹೆಸರಿನಲ್ಲೇ ಬಳಕೆಯಲ್ಲಿವೆ.

ಇನ್ನೊಂದು ಉಪಕರಣ ಭೂತಸಂಖ್ಯೆ. ಇಲ್ಲಿ ಅಂಕಿಗಳ ಬದಲು ಮಾತುಗಳು. ಚಂದ್ರ ಎಂದರೆ 1, ನೇತ್ರ 2, ಅಗ್ನಿ 3, ವೇದ 4, ಬಾಣ 5, ರಸ 6, ಆಕಾಶ 0. ಅಂಕಿಗಳನ್ನು ಬಲದಿಂದ ಎಡಕ್ಕೆ ಇಡಬೇಕು. ರಸ, ಬಾಣ, ನೇತ್ರ ಎಂದರೆ 256. ಶಾಸನಗಳ ಕಾಲಸೂಚನೆಯಲ್ಲೂ ಜ್ಯೋತಿಷ ಗ್ರಂಥಗಳಲ್ಲೂ ಈ ಪದ್ಧತಿ ಧಾರಾಳವಾಗಿದೆ. ಪದ್ಯದಲ್ಲಿ ಕೂಡಿಸಿದ ಸಂಖ್ಯೆಗೆ ಒಂದು ಕಾವಲೂ ಇರುತ್ತದೆ. ಒಂದು ಮಾತು ಬಿಟ್ಟುಹೋದರೆ ಛಂದಸ್ಸು ಕುಂಟುತ್ತದೆ, ಕಿವಿ ತಕ್ಷಣ ತಪ್ಪನ್ನು ಹಿಡಿಯುತ್ತದೆ. ಆಧಾರ್ ಸಂಖ್ಯೆಯ ಹನ್ನೆರಡನೆಯ ಅಂಕಿ ಮಾಡುವ ಕೆಲಸವೂ ಇಂಥದೇ. ಹಿಂದಿನ ಹನ್ನೊಂದು ಅಂಕಿಗಳನ್ನು ಬರೆಯುವಾಗ ತಪ್ಪಾದರೆ ಅದು ಹಿಡಿದುಕೊಡುತ್ತದೆ.

ಮೂರನೆಯದು ಅಜ್ಜ ಅಜ್ಜಿಯರು ಬಲ್ಲ ಮಗ್ಗಿ. ಎರಡು, ಮೂರರ ಮಗ್ಗಿಯಷ್ಟೇ ಅಲ್ಲ, ಕಾಲು, ಅರೆ, ಮುಕ್ಕಾಲಿನ ಮಗ್ಗಿಗಳನ್ನೂ ಹಳೆಯ ಶಾಲೆಗಳಲ್ಲಿ ಸಾಲಾಗಿ ಕೂತು ಹೇಳುತ್ತಿದ್ದರು. ರೂಪಾಯಿಗೆ 16 ಆಣೆ ಇದ್ದ ಕಾಲವದು. 16 ಚಟಾಕಿಗೆ ಒಂದು ಸೇರು ಎಂಬ ತೂಕದಲ್ಲಿ, ಸೇರಿಗೆ ಎಷ್ಟು ರೂಪಾಯಿಯೋ ಚಟಾಕಿಗೆ ಅಷ್ಟೇ ಆಣೆ. ಅಕ್ಷರ ಬಾರದವರೂ ಸಂತೆಯಲ್ಲಿ ನಿಂತ ನಿಲುವಿನಲ್ಲೇ ಲೆಕ್ಕ ಹೇಳುತ್ತಿದ್ದುದರ ಗುಟ್ಟು ಇಂಥ ಕೀಲಿಕೈಗಳು. 1957ರ ಏಪ್ರಿಲ್ 1ರಂದು ದಶಮಾಂಶ ನಾಣ್ಯಗಳು ಬಂದವು, ಹಿಂದೆಯೇ ಕಿಲೋಗ್ರಾಂ ಬಂತು. ಲೆಕ್ಕ ಸುಲಭವಾಯಿತು, ಭಿನ್ನರಾಶಿಯ ಮಗ್ಗಿಗಳು ಮೆಲ್ಲನೆ ಮರೆಯಾದವು.

ಸೂಜಿಯ ಮೊನೆಯ ಗಣಿತ

ಕುಷ್ಟಗಿಗೆ ಹತ್ತಿರದ ಇಳಕಲ್ಲಿನ ಸೀರೆಗೆ ಕಸೂತಿ ಹಾಕುವುದು ಉತ್ತರ ಕರ್ನಾಟಕದ ಹೆಣ್ಣುಮಕ್ಕಳ ಹಳೆಯ ವಿದ್ಯೆ. ಬಟ್ಟೆಯ ಮೇಲೆ ಗೆರೆ ಎಳೆದು ಕಸೂತಿ ಹಾಕುವುದಿಲ್ಲ. ಎಳೆಗಳನ್ನು ಎಣಿಸುತ್ತ ತೇರು, ಗೋಪುರ, ಆನೆ, ತುಳಸಿಕಟ್ಟೆಗಳನ್ನು ಮೂಡಿಸುತ್ತಾರೆ. ಗವಂತಿ ಹೊಲಿಗೆಯಲ್ಲಿ ದಾರ ಹೋಗುವಾಗ ಒಂದು ಬಿಟ್ಟು ಒಂದು ಗೆರೆ ಮೂಡುತ್ತದೆ, ಮರಳುವಾಗ ಬಿಟ್ಟ ಜಾಗ ತುಂಬುತ್ತದೆ. ಗಂಟು ಕಾಣಬಾರದು, ಎರಡೂ ಮಗ್ಗುಲು ಒಂದೇ ಆಗಿರಬೇಕು.

ಹೊರಟ ಬಿಂದುವಿಗೇ ದಾರ ತಪ್ಪದೆ ಮರಳುವುದು ಹೇಗೆ? ಸ್ವಿಟ್ಜರ್ಲೆಂಡಿನ ಗಣಿತಜ್ಞ ಆಯ್ಲರ್ 1736ರಲ್ಲಿ ಕೋನಿಗ್ಸ್‌ಬರ್ಗ್ ನಗರದ ಏಳು ಸೇತುವೆಗಳ ಸಮಸ್ಯೆಯನ್ನು ಬಿಡಿಸುವಾಗ ಇದಕ್ಕೆ ಉತ್ತರ ಸಿಕ್ಕಿತು. ಪ್ರತಿ ಬಿಂದುವಿನಲ್ಲೂ ಕೂಡುವ ದಾರಿಗಳ ಸಂಖ್ಯೆ ಸಮವಾಗಿದ್ದರೆ, ಎಲ್ಲ ದಾರಿಗಳನ್ನೂ ಒಮ್ಮೊಮ್ಮೆ ಮಾತ್ರ ನಡೆದು ಹೊರಟಲ್ಲಿಗೇ ಬರಬಹುದು. ಕಸೂತಿಯಲ್ಲಿ ಪ್ರತಿ ಗೆರೆಯ ಮೇಲೂ ದಾರ ಎರಡು ಬಾರಿ ಓಡುವುದರಿಂದ ಎಲ್ಲ ಬಿಂದುಗಳೂ ತಾವಾಗಿಯೇ ಸಮವಾಗುತ್ತವೆ. ಪ್ರಮೇಯದ ಹೆಸರು ಕೇಳದ ತಾಯಂದಿರು ಅದರ ಫಲವನ್ನು ಬೆರಳ ತುದಿಯಲ್ಲಿ ಬಲ್ಲವರಾಗಿದ್ದರು.

ಅವಧಾನದ ಗುಟ್ಟು

ಮನಸ್ಸಿನ ಉಪಕರಣಗಳೆಲ್ಲ ಒಂದೆಡೆ ಸೇರುವ ಕಲೆ ಅವಧಾನ. ಅಷ್ಟಾವಧಾನದಲ್ಲಿ ಎಂಟು ಮಂದಿ ಪೃಚ್ಛಕರು ಅವಧಾನಿಯ ಸುತ್ತ ಕುಳಿತಿರುತ್ತಾರೆ. ಒಬ್ಬರು ಕೊಟ್ಟ ಪದಗಳನ್ನು ಸೇರಿಸಿ ಪದ್ಯ ಕೇಳುತ್ತಾರೆ, ಇನ್ನೊಬ್ಬರು ಪ್ರತಿ ಅಕ್ಷರಕ್ಕೂ ನಿಷೇಧ ಹಾಕುತ್ತಾರೆ, ಮತ್ತೊಬ್ಬರು ನಡುನಡುವೆ ಅಪ್ರಸ್ತುತ ಪ್ರಶ್ನೆ ಎಸೆದು ಗಮನ ಕೆಡಿಸುತ್ತಾರೆ. ಅವಧಾನಿ ಕಾಗದ ಮುಟ್ಟದೆ ಎಲ್ಲವನ್ನೂ ಸುತ್ತು ಸುತ್ತಾಗಿ ಪೂರೈಸಬೇಕು. ನಮ್ಮ ಕಾಲದಲ್ಲಿ ಈ ಕಲೆಯನ್ನು ಕನ್ನಡ ನಾಡಿನ ಊರೂರಿಗೆ ಒಯ್ದವರು ಶತಾವಧಾನಿ ಆರ್. ಗಣೇಶ್. ಅವರು ಓದಿದ್ದು ಎಂಜಿನಿಯರಿಂಗ್. 2012ರಲ್ಲಿ ಬೆಂಗಳೂರಿನಲ್ಲಿ ಪೂರ್ತಿ ಕನ್ನಡದಲ್ಲೇ ಅವರು ಶತಾವಧಾನ ನಡೆಸಿದರು. ಅಲ್ಲಿ ಪೃಚ್ಛಕರು ಎಂಟಲ್ಲ, ನೂರು.

ಅಷ್ಟಾವಧಾನದ ಒಂದು ಅಂಗ ಸಂಖ್ಯಾಬಂಧ. 25 ಮನೆಗಳ ಚೌಕದಲ್ಲಿ ಪೃಚ್ಛಕರು ಮೊತ್ತವೊಂದನ್ನು ಹೇಳಿ, ಯಾವುದೋ ಒಂದು ಮನೆಯ ಅಂಕಿಯನ್ನು ಯಾವಾಗಲೋ ಕೇಳುತ್ತಾರೆ. ಕೊನೆಗೆ ಅಡ್ಡ, ಉದ್ದ ಎಲ್ಲ ಸಾಲುಗಳೂ ಆ ಮೊತ್ತಕ್ಕೇ ಕೂಡಬೇಕು. ನೋಡುವವರಿಗೆ ಪವಾಡ. ಇದರ ತಳದ ಗಣಿತವನ್ನು ಏಳನೆಯ ತರಗತಿಯ ಮಕ್ಕಳೂ ಒಂಬತ್ತು ಮನೆಗಳ ಚೌಕದಲ್ಲಿ ಅರಿಯಬಹುದು. ಈ ಮೂಲ ಚೌಕ ಬಾಯಿಪಾಠವಾಗಿರಲಿ:

8 1 6
3 5 7
4 9 2

ಇಲ್ಲಿ ಎಲ್ಲ ಸಾಲುಗಳ ಮೊತ್ತ 15. ಯಾರಾದರೂ 75 ಬೇಕೆಂದರೆ, 75ರಲ್ಲಿ 15 ಕಳೆದು ಉಳಿದ 60ನ್ನು 3ರಿಂದ ಭಾಗಿಸಬೇಕು. ಬಂದ 20ನ್ನು ಪ್ರತಿ ಮನೆಗೂ ಕೂಡಿಸಬೇಕು:

28 21 26
23 25 27
24 29 22

ಮೂರರಿಂದ ಭಾಗವಾಗುವ ಯಾವುದೇ ಮೊತ್ತಕ್ಕೂ ಇದು ಸಲ್ಲುತ್ತದೆ. ಗುಟ್ಟು ತಿಳಿದ ಮೇಲೆ ಅವಧಾನಿಯ ಮೇಲಿನ ಗೌರವ ಕಡಿಮೆಯಾಗಬೇಕಿಲ್ಲ. ಎಂಟು ಕಡೆಯಿಂದ ಗಮನ ಸೆಳೆಯುತ್ತಿರುವಾಗ ಲೆಕ್ಕ ತಪ್ಪದಿರುವುದು ವರ್ಷಗಳ ಅಭ್ಯಾಸದ ಫಲ.

ವರವೋ, ಸಾಧನೆಯೋ?

‘ಅವರದು ಹುಟ್ಟಾ ಬುದ್ಧಿ, ನಮ್ಮ ಮಕ್ಕಳಿಗೆ ಎಲ್ಲಿ ಬಂದೀತು’ ಎಂದು ತಂದೆ ತಾಯಿಯರು ಹೇಳುವುದುಂಟು. ಬೆಂಗಳೂರಿನಲ್ಲಿ 1929ರಲ್ಲಿ ಹುಟ್ಟಿದ ಶಕುಂತಲಾ ದೇವಿಯವರು ಕ್ರಮವಾದ ಶಾಲಾ ಶಿಕ್ಷಣ ಪಡೆದವರಲ್ಲ. 1980ರ ಜೂನ್ 18ರಂದು ಲಂಡನ್ನಿನ ಇಂಪೀರಿಯಲ್ ಕಾಲೇಜಿನಲ್ಲಿ 13 ಅಂಕಿಗಳ ಎರಡು ಸಂಖ್ಯೆಗಳನ್ನು 28 ಸೆಕೆಂಡಿನಲ್ಲಿ ಗುಣಿಸಿ ಗಿನ್ನೆಸ್ ದಾಖಲೆ ಸೇರಿದರು. ಬರ್ಕ್ಲಿಯ ಮನೋವಿಜ್ಞಾನಿ ಆರ್ಥರ್ ಜೆನ್ಸನ್ ಅವರನ್ನು ಪರೀಕ್ಷಿಸಿ 1990ರಲ್ಲಿ ಪ್ರಬಂಧ ಪ್ರಕಟಿಸಿದರು. ದೀಪ ಹೊತ್ತಿದೊಡನೆ ಗುಂಡಿ ಒತ್ತುವಂಥ ಸರಳ ಪರೀಕ್ಷೆಗಳಲ್ಲಿ ಅವರ ವೇಗ ಸಾಮಾನ್ಯರಿಗಿಂತ ಬೇರೆಯಾಗಿರಲಿಲ್ಲ. ಎಳವೆಯಿಂದ ಸಂಖ್ಯೆಗಳೊಡನೆ ಬೆಳೆಸಿದ ನಂಟು ಅವರ ನಿಜವಾದ ಬಂಡವಾಳ.

1980ರಲ್ಲೇ ಅಮೆರಿಕದಲ್ಲಿ ಆಂಡರ್ಸ್ ಎರಿಕ್ಸನ್ ಮತ್ತು ಸಂಗಡಿಗರು ಒಬ್ಬ ಸಾಮಾನ್ಯ ಕಾಲೇಜು ವಿದ್ಯಾರ್ಥಿಯ ಮೇಲೆ ನಡೆಸಿದ ಪ್ರಯೋಗದ ಫಲಿತಾಂಶ ಹೊರಬಂತು. ಆರಂಭದಲ್ಲಿ ಒಮ್ಮೆ ಕೇಳಿದ ಏಳು ಅಂಕಿಗಳನ್ನಷ್ಟೇ ಆತ ಮರಳಿ ಹೇಳಬಲ್ಲವನಾಗಿದ್ದ. ಸುಮಾರು 20 ತಿಂಗಳಲ್ಲಿ 230 ಗಂಟೆ ಅಭ್ಯಾಸವಾದ ಮೇಲೆ ಹೆಚ್ಚುಕಡಿಮೆ 80 ಅಂಕಿಗಳನ್ನು ಹೇಳಿದ. ಆತ ಓಟಗಾರ, ಅಂಕಿಗಳನ್ನು ಓಟದ ಸಮಯಗಳಂತೆ ಗುಂಪು ಕಟ್ಟಿ ಇಟ್ಟುಕೊಳ್ಳುತ್ತಿದ್ದ. 2017ರಲ್ಲಿ ನೆದರ್ಲೆಂಡ್ಸ್‌ನ ಮಾರ್ಟಿನ್ ಡ್ರೆಸ್ಲರ್ ಮತ್ತು ಸಂಗಡಿಗರು ಸಾಮಾನ್ಯ ಜನರಿಗೆ ದಿನಕ್ಕೆ ಅರ್ಧ ಗಂಟೆಯಂತೆ 40 ದಿನ ನೆನಪಿನ ತರಬೇತಿ ಕೊಟ್ಟರು. 72 ಪದಗಳ ಪಟ್ಟಿಯಲ್ಲಿ ಮೊದಲು ಸರಾಸರಿ 26 ಪದ ನೆನಪಿಡುತ್ತಿದ್ದವರು ಕೊನೆಗೆ 62 ಪದ ನೆನಪಿಟ್ಟರು.

ಎಚ್ಚರ ಬೇಕಾದ ಕಡೆ

ಇಲ್ಲಿ ಎರಡು ಸಂಗತಿಗಳನ್ನು ಮರೆಯಬಾರದು. ಮೊದಲನೆಯದು, 80 ಅಂಕಿ ಹೇಳಿದ ಆ ವಿದ್ಯಾರ್ಥಿಗೆ ಅಂಕಿಗಳ ಬದಲು ಅಕ್ಷರಗಳನ್ನು ಕೊಟ್ಟಾಗ ಆತ ಮತ್ತೆ ಆರಕ್ಕೇ ಇಳಿದ. ಯಾವುದನ್ನು ಅಭ್ಯಾಸ ಮಾಡುತ್ತೇವೆಯೋ ಅದು ಬೆಳೆಯುತ್ತದೆ. ಇಡೀ ಮಿದುಳನ್ನು ಒಮ್ಮೆಗೇ ಹರಿತ ಮಾಡುವ ಮಂತ್ರವಿಲ್ಲ. ಕೆಲವು ವರ್ಷಗಳ ಹಿಂದೆ ಊರೂರುಗಳಲ್ಲಿ ‘ಮಿಡ್‌ಬ್ರೇನ್’ ಎಚ್ಚರಿಸುತ್ತೇವೆಂದು ಸಾವಿರಾರು ರೂಪಾಯಿ ಶುಲ್ಕ ಪಡೆದು, ಕಣ್ಣಿಗೆ ಬಟ್ಟೆ ಕಟ್ಟಿದ ಮಕ್ಕಳಿಂದ ಪುಸ್ತಕ ಓದಿಸುವ ಪ್ರದರ್ಶನಗಳು ನಡೆದವು. ಬಟ್ಟೆಗೂ ಮೂಗಿಗೂ ನಡುವಿನ ಸಂದಿಯಿಂದ ಬೆಳಕು ಬರದಂತೆ ಮಾಡಿದಾಗ ಓದು ನಿಂತುಹೋಗುತ್ತದೆ. ಮಿದುಳಿನ ಹೆಸರಿನಲ್ಲಿ ಹಣ ಕೇಳುವವರ ಮುಂದೆ ತಂದೆ ತಾಯಿಯರು ಈ ಸರಳ ಪರೀಕ್ಷೆಯನ್ನು ಇಡಬೇಕು.

ಎರಡನೆಯದು, ಹಳೆಯ ಕಾಲವನ್ನು ಪೂರ್ತಿ ಚಿನ್ನವೆಂದು ತಿಳಿಯಬೇಕಾಗಿಲ್ಲ. ಆ ವಿದ್ಯೆ ಎಲ್ಲರಿಗೂ ದಕ್ಕಲಿಲ್ಲ. ಮನೆತನ, ಜಾತಿ, ಲಿಂಗಗಳ ಬೇಲಿ ಹಾಕಿ ಅದನ್ನು ಕಾಯಲಾಯಿತು. ಕಸೂತಿಯ ಗಣಿತ ಬಲ್ಲ ಹೆಣ್ಣುಮಗಳಿಗೆ ಗಣಿತದ ಪಾಠಶಾಲೆಯ ಬಾಗಿಲು ತೆರೆದಿರಲಿಲ್ಲ. ನೆನಪಿನಲ್ಲೇ ಇದ್ದ ಎಷ್ಟೋ ವಿದ್ಯೆ ಗುರುವಿನೊಂದಿಗೇ ಮಣ್ಣಾಯಿತು. ಬರೆಹ, ಮುದ್ರಣ, ಇಂದಿನ ಮೊಬೈಲ್ ಆ ಬೇಲಿಯನ್ನು ಬಹುಮಟ್ಟಿಗೆ ಮುರಿದಿವೆ. ಯಲಬುರ್ಗಾದ ಹಳ್ಳಿಯ ಹುಡುಗಿಯೊಬ್ಬಳು ಇಂದು ಜಗತ್ತಿನ ಯಾವ ಗ್ರಂಥವನ್ನಾದರೂ ಕೈಯಲ್ಲೇ ತೆರೆಯಬಲ್ಲಳು. ಇದು ಸಣ್ಣ ಲಾಭವಲ್ಲ.

ಆದರೆ ಏಳೆಂಟು ಎಷ್ಟು ಎಂದರೆ ಮೊಬೈಲಿಗೆ ಕೈಹಾಕುವ ವಿದ್ಯಾರ್ಥಿ ಇನ್ನೊಂದನ್ನು ಕಳೆದುಕೊಳ್ಳುತ್ತಾನೆ. ಸಮೀಕರಣ ಬಿಡಿಸುವಾಗ ಮಗ್ಗಿಗಾಗಿಯೇ ಮನಸ್ಸಿನ ಅರ್ಧ ಜಾಗ ಹೋದರೆ, ಸಮಸ್ಯೆಯನ್ನು ಯೋಚಿಸಲು ಉಳಿಯುವುದೆಷ್ಟು? ಯಂತ್ರ ಕೊಟ್ಟ ಉತ್ತರ ಹತ್ತು ಪಟ್ಟು ತಪ್ಪಾಗಿದ್ದರೂ ಅಂದಾಜು ಬಾರದವನಿಗೆ ಅನುಮಾನ ಹುಟ್ಟುವುದಿಲ್ಲ. ಯಂತ್ರವನ್ನು ಆಳುವುದಕ್ಕೂ ಮನಸ್ಸಿನೊಳಗೆ ಒಂದಿಷ್ಟು ಸರಕು ಬೇಕು.

ಮನೆಯೇ ಪಾಠಶಾಲೆ

ಡ್ರೆಸ್ಲರ್ ಪ್ರಯೋಗದಲ್ಲಿ ಕಲಿಸಿದ್ದು ಗ್ರೀಕರ ಕಾಲದ ಹಳೆಯ ಉಪಾಯ. ಪರಿಚಿತ ದಾರಿಯೊಂದರಲ್ಲಿ ಮನಸ್ಸಿನಲ್ಲೇ ನಡೆಯುತ್ತ, ನೆನಪಿಡಬೇಕಾದುದನ್ನು ಒಂದೊಂದು ಜಾಗದಲ್ಲಿ ಇಡುವುದು. ಹತ್ತನೆಯ ತರಗತಿಯವರು ಲೋಹಗಳ ಕ್ರಿಯಾಶೀಲತೆಯ ಸರಣಿಯನ್ನು ತಮ್ಮ ಮನೆಯಲ್ಲೇ ಹೀಗೆ ಇಟ್ಟು ನೋಡಬಹುದು. ಅಂಗಳದ ನೀರಿನ ತೊಟ್ಟಿಯಲ್ಲಿ ಪೊಟ್ಯಾಸಿಯಂ ಧಗ್ಗೆಂದು ಉರಿಯುತ್ತಿದೆ. ಕಟ್ಟೆಯ ಮೇಲೆ ಸೋಡಿಯಂ ಸೀಮೆಎಣ್ಣೆಯ ಶೀಸೆಯಲ್ಲಿ ಮುಳುಗಿ ಕುಳಿತಿದೆ. ತಲಬಾಗಿಲ ಗೋಡೆಯ ಸುಣ್ಣದಲ್ಲಿ ಕ್ಯಾಲ್ಸಿಯಂ. ಪಡಸಾಲೆಯಲ್ಲಿ ಬೆಳ್ಳಗೆ ಕಣ್ಣು ಕುಕ್ಕುವ ಮೆಗ್ನೀಸಿಯಂ ಪಟ್ಟಿ. ಅಡುಗೆಮನೆಯಲ್ಲಿ ಅಲ್ಯೂಮಿನಿಯಂ ಪಾತ್ರೆ. ಮಾಡಿನ ಮೇಲೆ ಸತುವಿನ ಲೇಪದ ತಗಡು. ಹಿತ್ತಿಲಲ್ಲಿ ತುಕ್ಕು ಹಿಡಿದ ಕಬ್ಬಿಣದ ಸಲಿಕೆ. ಬಚ್ಚಲಲ್ಲಿ ತಾಮ್ರದ ಹಂಡೆ. ಕೊನೆಗೆ, ಪೆಟ್ಟಿಗೆಯೊಳಗೆ ವರ್ಷಗಳಿಂದ ಹೊಳಪು ಕಳೆದುಕೊಳ್ಳದ ಅಜ್ಜಿಯ ಬಂಗಾರ. ಕ್ರಮದ ಜೊತೆಗೆ ಪ್ರತಿ ಲೋಹದ ಗುಣವೂ ನೆನಪಿಗೆ ಅಂಟುತ್ತದೆ. ಅರ್ಥವಿಲ್ಲದ ಬಾಯಿಪಾಠಕ್ಕೂ ಇದಕ್ಕೂ ಇರುವ ಅಂತರ ಇಷ್ಟೇ.

ಸಂತೆಗೆ ಹೋದಾಗ ಅಂಗಡಿಯವರು ಹೇಳುವ ಮೊದಲೇ ಮೊತ್ತವನ್ನು ಅಂದಾಜು ಮಾಡಿಸಬಹುದು. ರಾತ್ರಿ ಊಟದ ಹೊತ್ತಿನಲ್ಲಿ ಅಜ್ಜನಿಂದ ಮುಕ್ಕಾಲಿನ ಮಗ್ಗಿ ಹೇಳಿಸಬಹುದು, ಅಜ್ಜಿಯ ಬಳಿ ಕುಳಿತು ನಾಲ್ಕು ಎಳೆ ಎಣಿಸಿ ಗವಂತಿ ಹಾಕಿ ನೋಡಬಹುದು. ಇದಾವುದಕ್ಕೂ ಶುಲ್ಕವಿಲ್ಲ. ದಿನಕ್ಕೆ ಹತ್ತು ನಿಮಿಷ ತಪ್ಪದೆ ಮಾಡುವುದೇ ಕಷ್ಟದ ಭಾಗ.

ಕೊಪ್ಪಳದ ಗವಿಮಠದ ಬೆಟ್ಟದ ಮೇಲೆ ಅಶೋಕ ಚಕ್ರವರ್ತಿಯ ಶಾಸನವೊಂದಿದೆ. 1931ರಲ್ಲಿ ಬೆಳಕಿಗೆ ಬಂದ ಅದು ಇಪ್ಪತ್ತೆರಡು ಶತಮಾನಗಳಷ್ಟು ಹಳೆಯದು. ಫಲ ದೊರೆಯುವುದು ದೊಡ್ಡವರಿಗೆ ಮಾತ್ರವಲ್ಲ, ಪಟ್ಟುಹಿಡಿದು ಯತ್ನಿಸಿದರೆ ಸಣ್ಣವರಿಗೂ ಉಂಟು ಎಂಬುದು ಅದರ ಸಾರ. ಧರ್ಮದ ವಿಚಾರವಾಗಿ ಹೇಳಿದ ಆ ಮಾತು ಮಗ್ಗಿಯ ವಿಚಾರದಲ್ಲೂ ನಿಜ. ರಜೆಯಲ್ಲಿ ಮಕ್ಕಳನ್ನು ಒಮ್ಮೆ ಆ ಬೆಟ್ಟ ಹತ್ತಿಸಿ, ಅಲ್ಲಿಂದ ಇಟಗಿಗೂ ಕರೆದೊಯ್ದು ತೋರಿಸುವುದು ತಂದೆ ತಾಯಿಯರಿಗೆ ಒಂದು ದಿನದ ಕೆಲಸ.